ಆನೆಯ ಕೆಳಗೆ ದಾಟಿ ಬಂದವಳು

ಸಿದ್ದಾಪುರದ ಆಚೆ ಕಾಲುವೆ ಪಕ್ಕದ ಹೊರಠಾಣೆಯ ಹೆಡ್ ಕಾನ್‌ಸ್ಟೆಬಲ್ ಮಲ್ಲೇಶ್ವರಿಗೆ ಅಂಜಿಕೆ ಎಂಬುದೇ ಗೊತ್ತಿಲ್ಲ ಎಂದು ಸುತ್ತಲಿನ ಭತ್ತದ ಸೀಮೆಯಲ್ಲೆಲ್ಲ ಮಾತಿತ್ತು. ಕುಡಿದು ಕುಡಗೋಲು ಹಿಡಿದು ನಿಂತವನ ಮುಂದೆ ಬರಿಗೈಯಲ್ಲಿ ಹೋಗಿ, "ಕೊಡಪಾ ಇಲ್ಲಿ, ಕೈ ಕೊಯ್ಕೊಂಡಿ" ಎಂದು ಅದನ್ನು ಇಸಿದುಕೊಂಡು ಬಂದ ಹೆಂಗಸು ಅವಳು. ಯಾರಾದರೂ ಹೊಗಳಿದರೆ ಮಾತ್ರ ಕೈ ಝಾಡಿಸಿಬಿಡುತ್ತಿದ್ದಳು. "ನಂದೇನೂ ಇಲ್ರಿ, ನಾ ಆನಿ ಕೆಳಗ ದಾಟಿ ಬಂದಾಕಿ" ಎನ್ನುತ್ತಿದ್ದಳು.

ಅದು ಮಾತಿಗೆ ಹೇಳಿದ್ದಲ್ಲ, ನಡೆದದ್ದೇ. ಯಲಬುರ್ಗಾ ಕಡೆಯ ಎರೆಹೊಲದ ಒಂದು ಹಳ್ಳಿಯಲ್ಲಿ ಅವಳಿನ್ನೂ ಸಣ್ಣ ಕೂಸಿದ್ದಾಗ, ಕಣ್ಣೆದುರಿಗೇ ಒಂದು ಎತ್ತು ಬಾವಿಗೆ ಬಿತ್ತು. ಅಂದಿನಿಂದ ಹುಡುಗಿಯ ಮಾತು ನಿಂತಿತು. ನಿದ್ದೆಯಲ್ಲಿ ಚಿಟ್ಟನೆ ಚೀರಿ ಎದ್ದು ಕೂರುತ್ತಿದ್ದಳು. ತಾಯತ ಆಯಿತು, ಅಂತ್ರ ಆಯಿತು, ದರ್ಗಾದ ನವಿಲುಗರಿ ಆಯಿತು. ಕೊನೆಗೆ ಎಲ್ಲಿಂದಲೋ ಆನೆಯವರು ಬಂದರು. ಅವ್ವ ಮಗಳನ್ನು ಆನೆಯ ಹೊಟ್ಟೆಯ ಕೆಳಗೆ ಈ ಕಡೆಯಿಂದ ಆ ಕಡೆಗೆ ಮೂರು ಸಲ ದಾಟಿಸಿದಳು. ಆ ದೊಡ್ಡ ನೆರಳು, ಹಸಿ ಹುಲ್ಲಿನ ವಾಸನೆ, ಅಲ್ಲಾಡದೆ ನಿಂತ ಕಂಬದಂಥ ಕಾಲುಗಳು ಮಲ್ಲೇಶ್ವರಿಗೆ ನಲವತ್ತು ದಾಟಿದ ಮೇಲೂ ನೆನಪಿದ್ದವು. ಆಮೇಲೆ ಹುಡುಗಿ ಮಾತಾಡಿದಳು, ಆಡಿದ ಮೇಲೆ ನಿಲ್ಲಿಸಲೇ ಇಲ್ಲ. ಅದು ಆನೆಯಿಂದ ಆಯಿತೋ, ದಿನ ಕಳೆದಂತೆ ತಾನೇ ಆಯಿತೋ? ನಮ್ಮನ್ನು ಕೇಳಬೇಡಿ. ಅವಳ ಮನೆಯವರನ್ನು ಕೇಳಿದ್ದರೆ, ಕೇಳಿದವರ ಬುದ್ಧಿಯನ್ನೇ ಅನುಮಾನಿಸುತ್ತಿದ್ದರು.

ದೊಡ್ಡವಳಾಗಿ ಪೊಲೀಸಿಗೆ ಸೇರಿದಳು. ಕುಷ್ಟಗಿಯಲ್ಲಿ, ಕೊಪ್ಪಳದಲ್ಲಿ, ಗಂಗಾವತಿಯಲ್ಲಿ ವರ್ಷಗಟ್ಟಲೆ ಕಾನ್‌ಸ್ಟೆಬಲ್ ಆಗಿ ಬಂದೋಬಸ್ತು ನಿಂತಳು. ಗಂಡ ಕೊಟ್ರೇಶ ಗಿಣಿಗೇರಾದ ಕಾರ್ಖಾನೆಯಲ್ಲಿ ಪಾಳಿ ದುಡಿಯುತ್ತಿದ್ದ. ಇವಳ ಬಂದೋಬಸ್ತು, ಅವನ ಪಾಳಿ ಎರಡೂ ಒಂದಕ್ಕೊಂದು ಬೆನ್ನು ತಿರುಗಿಸಿಕೊಂಡೇ ಬರುತ್ತಿದ್ದವು. ಅಂಥದ್ದರಲ್ಲಿ ತಡವಾಗಿ ಹುಟ್ಟಿದ ಒಬ್ಬಳೇ ಮಗಳು ದಾನೇಶ್ವರಿ, ಮನೆಯವರ ಬಾಯಲ್ಲಿ ದಾನವ್ವ. ಅವಳನ್ನು ಸಾಕಿದವಳು ಅತ್ತೆ ಪಾರ್ವತೆಮ್ಮ. ಕಳೆದ ಸಂಕ್ರಾಂತಿಗೆ ಬಡ್ತಿ ಬಂದು ತೋಳಿನ ಮೇಲೆ ಮೂರು ಪಟ್ಟಿ ಏರಿದಾಗ, ಆ ಪಟ್ಟಿಗಳಿಗೂ ಕುಂಕುಮ ಹಚ್ಚಿದ್ದಳು ಈ ಅತ್ತೆ.

ಮನೆಯಲ್ಲಿ ಒಂದೇ ಕೊರಗು. ದೀಪಾವಳಿ ಹೊತ್ತಿನ ಕೊಯ್ಲಿನಲ್ಲಿ ದಾನವ್ವ ಬದುವಿನ ಮೇಲೆ ಮಲಗಿದ್ದಳು. ಕೊಯ್ಯುವ ದೊಡ್ಡ ಮಷಿನ್ನು ಗದ್ದೆಯೊಳಗಿಂದ ಗುಡುಗುತ್ತ ಅವಳ ತಲೆಯ ಪಕ್ಕಕ್ಕೇ ಬಂದು ನಿಂತಿತು. ಮೈಗೇನೂ ಆಗಲಿಲ್ಲ. ಆದರೆ ಅಂದಿನಿಂದ ಮಗು ಮನೆಯ ಹೊರಗೆ ಬಾಯಿ ಬಿಡಲಿಲ್ಲ. ಶಾಲೆಯಲ್ಲಿ ಟೀಚರ್ ಹೆಸರು ಕರೆದರೆ ಬೆಂಚಿನ ಕೆಳಗೆ ಹೋಗಿ ಕೂರುತ್ತಿತ್ತು. ಗಂಗಾವತಿಯ ಡಾಕ್ಟರು ಸ್ವಲ್ಪ ದಿನ ತಡೆಯಿರಿ ಎಂದರು. ಪಾರ್ವತೆಮ್ಮ ತಡೆಯುವ ಹೆಂಗಸೇ ಅಲ್ಲ.

"ನಿನಗ ಏನು ಮಾಡಿದ್ರು? ಆನಿ ಕೆಳಗ ದಾಟಸಿದ್ರು. ಈಕಿಗೂ ಅದನ್ನ ಮಾಡು" ಎಂದು ಸೊಸೆಯ ಬೆನ್ನು ಹತ್ತಿದಳು.

"ಆನಿ ಎಲ್ಲಿಂದ ತರ್ಲಿ ಅತ್ತಿ? ಈಗ ಯಾರೂ ಆನಿ ತಗೊಂಡು ಅಡ್ಡಾಡಂಗಿಲ್ಲ, ಕಾಯ್ದೆ ಬಂದಾವ."

"ಪೊಲೀಸಾಕಿ ನೀ. ನಿನಗ ಯಾವ ಕಾಯ್ದೆ?"

ಮಲ್ಲೇಶ್ವರಿ ಅತ್ತೆಯ ಮುಂದೆ ನಕ್ಕಳು. ಒಳಗೊಳಗೆ ಮಾತ್ರ ಅವಳೂ ಆನೆಯ ದಾರಿಯನ್ನೇ ಕಾಯುತ್ತಿದ್ದಳು.

ಬೇಸಿಗೆ ಬೆಳೆಯ ಕೊಯ್ಲು ನಡೆದಿತ್ತು. ಒಂದು ಮಧ್ಯಾಹ್ನ ಜೀಪಿನ ಡ್ರೈವರ್, ಕಾನ್‌ಸ್ಟೆಬಲ್ ಇಲಿಯಾಸ, ಓಡುತ್ತ ಒಳಗೆ ಬಂದ. "ಮೇಡಂ, ಆನಿ ಬಂದೈತ್ರಿ!"

ಮಲ್ಲೇಶ್ವರಿ ಕುರ್ಚಿಯಿಂದ ಎದ್ದೇಬಿಟ್ಟಳು. ಎಲ್ಲಿ, ಏನು ಎಂದು ಕೇಳುವ ಮೊದಲೇ ಮನೆಗೆ ಫೋನು ಹಚ್ಚಿದಳು. "ಅತ್ತಿ, ದಾನವ್ವಗ ತಲಿ ಬಾಚಿ ತಯಾರ ಮಾಡ್ರಿ!" ಎಂದಳು. ಫೋನು ಇಟ್ಟ ಮೇಲೆ ಇಲಿಯಾಸ ತಲೆ ತುರಿಸಿಕೊಂಡ.

"ಅಲ್ರಿ ಮೇಡಂ, ಕಂಪ್ಲೇಂಟ್ ಬಂದೈತ್ರಿ. ರೈಸ್‌ಮಿಲ್ ಮುಂದ ಕಾದ ಡಾಂಬರಿನ ಮ್ಯಾಲೆ ಆನಿ ನಿಲ್ಲಿಸ್ಯಾರ, ಕಾಲು ಕೊಳತೈತಿ ಅಂತ ಒಬ್ಬಾಕಿ ನರ್ಸಿಂಗ್ ಹುಡುಗಿ ಫೋನ್ ಮಾಡ್ಯಾಳ."

ಹೀಗಾಗಿ ಮಲ್ಲೇಶ್ವರಿ ಹರಕೆಯ ಮನಸ್ಸು ಇಟ್ಟುಕೊಂಡೇ ಪೊಲೀಸ್ ಜೀಪು ಹತ್ತಿದಳು. ಅವಳ ತಲೆ ಕೆಟ್ಟದ್ದು ಅಲ್ಲಿಂದಲೇ.

ಮಿಲ್ಲಿನ ಮುಂದೆ ಭತ್ತದ ಲಾರಿಗಳ ನಡುವೆ ಆನೆ ನಿಂತಿತ್ತು. ಹೆಸರು ಜಮುನಾ. ಹಣೆಗೆ ಬಣ್ಣದ ಬಳ್ಳಿ, ಕೊರಳಲ್ಲಿ ಗಂಟೆ. ಹೆಂಗಸರು ಕೂಸುಗಳನ್ನು ಎತ್ತಿಕೊಂಡು ಸಾಲು ನಿಂತಿದ್ದರು, ಒಬ್ಬೊಬ್ಬರಾಗಿ ಹೊಟ್ಟೆಯ ಕೆಳಗೆ ದಾಟಿಸುತ್ತಿದ್ದರು. ಮಲ್ಲೇಶ್ವರಿ ಮೊದಲು ಕೈ ಮುಗಿದಳು. ಆಮೇಲೆ ನೋಡಿದಳು. ಬಲಗಡೆಯ ಮುಂಗಾಲು ಪೂರ್ತಿ ನೆಲಕ್ಕೆ ಊರುತ್ತಿರಲಿಲ್ಲ. ಸರಪಳಿ ಕೂರುವ ಜಾಗದಲ್ಲಿ ಚರ್ಮ ಕಿತ್ತು, ಒಳಗಿನ ಕೆಂಪು ಕಂಡು, ನೊಣ ಮುತ್ತಿದ್ದವು. ಅಂಥ ಕಾಲಿನ ಮೇಲೂ ಆನೆ ಮಕ್ಕಳು ದಾಟುವಾಗ ಮಿಸುಕುತ್ತಿರಲಿಲ್ಲ.

"ಎಂಥಾ ಶಾಂತ ಜೀವ ನೋಡ್ರಿ" ಎಂದಳು ಸಾಲಿನಲ್ಲಿದ್ದ ಒಬ್ಬಾಕೆ.

ಮಾವುತ ಅಕ್ಬರ ಮೂಲೆಯಲ್ಲಿ ಕುಕ್ಕರಗಾಲಲ್ಲಿ ಕೂತಿದ್ದ. ಬಡಕಲು ಮನುಷ್ಯ, ನಾಲ್ಕಾರು ಸೀಮೆ ತಿರುಗಿ ಎಲ್ಲ ಕಡೆಯ ಮಾತು ಕಲಿತಿದ್ದ. ಆನೆ ತನ್ನದಲ್ಲ, ಮಾಲಕ ದೂರದ ಊರಲ್ಲಿದ್ದಾನೆ, ನಡೆಸು ಅಂದರೆ ನಡೆಸುತ್ತೇನೆ ಎಂದ. ಅವನ ಕಾಲುಗಳೂ ಬಿರಿದು ರಕ್ತ ಒಸರುತ್ತಿತ್ತು. ಇವನನ್ನು ಬೈಯಬೇಕೋ, ಇವನಿಗೂ ಮುಲಾಮು ಕೊಡಿಸಬೇಕೋ ಎಂದು ಮಲ್ಲೇಶ್ವರಿಗೆ ತಿಳಿಯಲಿಲ್ಲ.

ಪಿಎಸ್‌ಐ ಸಾಹೇಬರು ಕೊಪ್ಪಳದಲ್ಲಿ ಬಂದೋಬಸ್ತಿಗೆ ಹೋಗಿದ್ದರು. ಫೋನಿನಲ್ಲಿ, "ಆನಿ ಅಂದ್ರ ಅರಣ್ಯ ಇಲಾಖೆ, ಅವ್ರನ್ನ ಕೇಳ್ರಿ" ಎಂದರು. ಅರಣ್ಯದವರನ್ನು ಕೇಳಿದರೆ, "ಕಾಡಾನಿ ಆದ್ರ ಓಡಿ ಬರ್ತಿದ್ವಿ. ಸಾಕಿದ ಆನಿಗೆ ಹಿಂಸೆ ಅಂದ್ರ ನೀವೂ ಕ್ರಮ ತಗೋಬಹುದಲ್ರಿ" ಎಂದರು. ಇಲಿಯಾಸ ಅಷ್ಟರಲ್ಲಿ ಮೊಬೈಲಿನಲ್ಲಿ ಕಾಯ್ದೆ ಹುಡುಕುತ್ತಿದ್ದ. ಮೊಬೈಲು ಕೈಗೆ ಬಂದರೆ ಅವನು ಹೈಕೋರ್ಟಿನ ವಕೀಲನೇ.

"ಮೇಡಂ, ಇಲ್ಲಿ ಕೇಳ್ರಿ. ವನ್ಯಜೀವಿ ಕಾಯ್ದೆ ಪ್ರಕಾರ ಜಪ್ತಿ ಮಾಡೂದಾದ್ರ ಎಸ್‌ಐಗಿಂತ ಕೆಳಗಿನ ಪೊಲೀಸ್ರು ಮಾಡಂಗಿಲ್ಲ. ಪ್ರಾಣಿ ಹಿಂಸೆ ಕಾಯ್ದೆ ಪ್ರಕಾರ ಆದ್ರ, ಕಾನ್‌ಸ್ಟೆಬಲ್‌ಗಿಂತ ಮ್ಯಾಲಿನ ಯಾವ ಪೊಲೀಸ್ರಾದ್ರೂ ಮಾಡಬಹುದು."

"ಆನಿ ಒಂದ ಐತಲ್ಲೋ!"

"ಆನಿ ಒಂದರಿ, ಕಾಯ್ದೆ ಎರಡು. ಕಾನ್‌ಸ್ಟೆಬಲ್‌ಗಿಂತ ಮ್ಯಾಲೆ ಅಂದ್ರ ಇಲ್ಲಿ ಯಾರದಾರ್ರಿ?"

ಮಲ್ಲೇಶ್ವರಿ ಸುತ್ತ ನೋಡಿದಳು. ಆಮೇಲೆ ತನ್ನ ತೋಳಿನ ಮೂರು ಪಟ್ಟಿ ನೋಡಿಕೊಂಡಳು. ಸಂಕ್ರಾಂತಿಯವರೆಗೆ ಅವಳಿಗೆ ಈ ಅಧಿಕಾರ ಇರಲಿಲ್ಲ, ಈಗ ಇದೆ. ಬೈಕು ಜಪ್ತಿ ಮಾಡಿದರೆ ಕೀಲಿ ಕಿತ್ತುಕೊಳ್ಳುತ್ತಾರೆ, ಮರಳಿನ ಟ್ರ್ಯಾಕ್ಟರ್ ಆದರೆ ಏರಿ ಓಡಿಸಿಕೊಂಡು ಹೋಗುತ್ತಾರೆ. ಆನೆಯನ್ನು ಹೇಗೆ ಹಿಡಿಯುವುದು, ಯಾವ ಕಡೆಯಿಂದ?

"ಅಕ್ಬರ, ನಿನ್ನ ಆನಿ ಜಪ್ತಿ ಮಾಡೀನಿ" ಎಂದಳು. ಸ್ವಲ್ಪ ತಡೆದು, "ಈಗ ನೀನ ಸಾವಕಾಶ ನಡಿಸ್ಕೊಂಡು ಠಾಣೆಗೆ ಬಾರಪಾ" ಎಂದಳು.

"ಅಲ್ಲಿ ನೆಳ್ಳು ಐತೇನ್ರಿ?" ಎಂದು ಕೇಳಿದ ಅಕ್ಬರ. ಇದೆ ಎಂದಾಗ ಅವನ ಮುಖ ಸಡಿಲಾಯಿತು. ಠಾಣೆ ಕೂಗಳತೆಯ ದೂರದಲ್ಲೇ ಇತ್ತು. ಆದರೂ ಜಮುನಾ ನಿಂತು ನಿಂತು ಬಂದು ಮುಟ್ಟಿದಾಗ ಹೊತ್ತು ಇಳಿದಿತ್ತು.

ಠಾಣೆಗೆ ತಂದವರ ಫೋಟೋ ತೆಗೆಯುವುದು ರೂಢಿ. ಇಲಿಯಾಸ ತೆಗೆದ. ಎದುರಿನಿಂದ ಒಂದು ಮುಖ, ಪಕ್ಕದಿಂದ ಒಂದು ಮುಖ. ಕಳ್ಳರದು ಹೇಗೆ ತೆಗೆಯುತ್ತಿದ್ದನೋ ಹಾಗೆಯೇ. ಕಾಲಿನ ಫೋಟೋ ತೆಗೆಯಬೇಕು ಎಂದು ಅವನಿಗೂ ಹೊಳೆಯಲಿಲ್ಲ, ಅವಳಿಗೂ ಹೊಳೆಯಲಿಲ್ಲ.

ಅಷ್ಟರಲ್ಲಿ ಸುದ್ದಿ ಹಬ್ಬಿ ಊರೆಲ್ಲ ಬಂತು. ಭತ್ತ ಬೆಳೆಯಲು ಬಂದು ನೆಲೆಸಿದವರ ಕ್ಯಾಂಪಿನಿಂದ ತೆಲುಗು ಹೆಂಗಸರು ಬಾಳೆಗೊನೆ ತಂದರು. ಮಿಲ್ಲಿನವರು ಬೆಲ್ಲ ತಂದರು. ಎಲ್ಲರಿಗಿಂತ ಮುಂದೆ ಪಾರ್ವತೆಮ್ಮ, ತೆಂಗಿನಕಾಯಿ, ಹೂವಿನ ಹಾರ, ಬಟ್ಟಲು ತುಂಬ ಅರಿಷಿಣ ಹಿಡಿದು ಬಂದಳು. "ಗಣಪ್ಪ ತಾನ ನಡಕೊಂಡು ನಿನ್ನ ಠಾಣೆಗೆ ಬಂದಾನ, ಪಾದಪೂಜಿ ಮಾಡದ ಹಂಗ ನಿಲ್ಲಿಸ್ತೀಯೇನ?" ಎಂದು ಸೊಸೆಗೆ ಗದರಿದಳು.

ಮಲ್ಲೇಶ್ವರಿ ಏನು ಮಾಡಬೇಕಿತ್ತು? ಬೇಡ ಎನ್ನಬೇಕಿತ್ತು, ಸರಿ. ಆದರೆ ಅರಿಷಿಣ ಗಾಯಕ್ಕೂ ಒಳ್ಳೆಯದಲ್ಲವೇ ಎಂದು ಅವಳ ಮನಸ್ಸು ತನಗೆ ತಾನೇ ವಕೀಲಿಕೆ ಮಾಡಿತು. ಸಮವಸ್ತ್ರದಲ್ಲೇ ಮೊಣಕಾಲೂರಿ ಕೂತು ಆ ಕಾಲಿನ ಮೇಲೆ ನೀರು ಹಾಕಿದಳು, ಅರಿಷಿಣವನ್ನು ಎಣ್ಣೆಯಲ್ಲಿ ಕಲಸಿ ಗಾಯದ ಮೇಲೆ ದಪ್ಪಗೆ ಮೆತ್ತಿದಳು, ಕುಂಕುಮ ಇಟ್ಟಳು, ಕೈ ಮುಗಿದು ಕಣ್ಣು ಮುಚ್ಚಿದಳು. ಮಗಳು ಮಾತಾಡಲಿ ಎಂದು ಬೇಡಿಕೊಂಡಳು. ಇಲಿಯಾಸ ಅದನ್ನೂ ಫೋಟೋ ತೆಗೆದ. ಭಾಳ ಛಲೋ ಬಂದಿದೆ ಎಂದು ಎಲ್ಲರಿಗೂ ಕಳಿಸಿದ.

ದಾನವ್ವನನ್ನು ಅಂದೇ ದಾಟಿಸಬೇಕಿತ್ತು. ಆದರೆ ಆ ಗದ್ದಲ ನೋಡಿ ಮಗು ನೀರಿನ ಟಾಕಿಯ ಹಿಂದೆ ಅಡಗಿ, ಅಲ್ಲೇ ಅತ್ತು ಅತ್ತು ನಿದ್ದೆ ಹೋಗಿತ್ತು. "ಮಂಗಳವಾರ ಮುಂಜಾನಿ ದಾಟಸೋಣು. ಅಲ್ಲೀತನ ಪೂಜಿ ಅರಿಷಿಣ ಅಳಿಸಬ್ಯಾಡ್ರಿ, ಹರಕಿ ಕೆಡ್ತೈತಿ" ಎಂದು ಪಾರ್ವತೆಮ್ಮ ಕಟ್ಟಪ್ಪಣೆ ಮಾಡಿದಳು.

ಮರುದಿನ ಪಶುವೈದ್ಯೆ ಸುರೇಖಾ ಬಂದಳು. ಎಮ್ಮೆ, ಎತ್ತು, ಮೇಕೆಗಳ ಡಾಕ್ಟರು, ಆನೆಯನ್ನು ಇಷ್ಟು ಹತ್ತಿರದಿಂದ ನೋಡಿದ್ದೇ ಮೊದಲು. ಪೊಲೀಸರ ಜಾಣತನ ನೋಡಿ, ಅಂದೇ ಅಕ್ಬರನನ್ನು ಹೇಳಿಕೆ ಕೊಡಲು ದೊಡ್ಡ ಠಾಣೆಗೆ ಕರೆಸಿಕೊಂಡಿದ್ದರು. ಅವನಿಲ್ಲದೆ ಜಮುನಾ ಯಾರನ್ನೂ ಕಾಲಿನ ಹತ್ತಿರ ಬಿಡಲಿಲ್ಲ.

"ಇಷ್ಟು ಅರಿಷಿಣ ಯಾರು ಮೆತ್ತಿದ್ರಿ?" ಎಂದು ಸುರೇಖಾ ದೂರದಿಂದಲೇ ಕೇಳಿದಳು.

"ನಾನ ರೀ."

"ಒಳಗ ಏನೈತಿ ಅಂತ ನಾ ಹೆಂಗ ಬರೀಲಿ? ಮಾವುತ ಬಂದ ಮ್ಯಾಲೆ ತೊಳಸ್ರಿ. ಮತ್ತ ಬರ್ತೀನಿ."

ಅಕ್ಬರ ಸಂಜೆಗೇ ಬಂದ. ಮಲ್ಲೇಶ್ವರಿ ಮಾತ್ರ ತೊಳೆಸಲಿಲ್ಲ. ಬಕೆಟ್ಟು ತುಂಬಿಸಿ ಇಟ್ಟಳು, ಮತ್ತೆ ಚೆಲ್ಲಿದಳು. ತೊಳೆದರೆ ಮಗಳ ಹರಕೆ, ತೊಳೆಯದಿದ್ದರೆ ಆನೆಯ ಕೇಸು. ಮಂಗಳವಾರ ಒಂದು ದಾಟಲಿ ಎಂದು ಸುಮ್ಮನಾದಳು. ಇದು ತಪ್ಪು ಎಂದು ಅವಳಿಗೆ ಗೊತ್ತಿರಲಿಲ್ಲ ಎನ್ನಬೇಡಿ, ಚೆನ್ನಾಗಿ ಗೊತ್ತಿತ್ತು.

ಸೋಮವಾರ ಗಂಗಾವತಿಯ ಕೋರ್ಟಿನಲ್ಲಿ ಮಾಲಕನ ವಕೀಲರು ಆನೆ ಬಿಡಿಸಿಕೊಳ್ಳಲು ಎದ್ದು ನಿಂತರು. ಪೊಲೀಸರೇ ತೆಗೆದ ಫೋಟೋಗಳನ್ನು ಮುಂದಿಟ್ಟರು. ಬಣ್ಣ ಬಳಿದ ನಗುಮುಖದ ಆನೆ, ಎದುರಿನಿಂದ, ಪಕ್ಕದಿಂದ. ಹೂವಿನ ಹಾರ ಹಾಕಿಕೊಂಡ ಆನೆ. ಅದರ ಪಾದದ ಹತ್ತಿರ ಮೊಣಕಾಲೂರಿ ಕಣ್ಣು ಮುಚ್ಚಿದ ಹೆಡ್ ಕಾನ್‌ಸ್ಟೆಬಲ್.

"ಇದರಲ್ಲಿ ಹಿಂಸೆ ಎಲ್ಲಿದೆ ಸ್ವಾಮಿ? ಗಾಯ ಇದ್ದದ್ದೇ ಆದರೆ ಫೋಟೋ ಎಲ್ಲಿದೆ?" ಎಂದರು ವಕೀಲರು.

ಮ್ಯಾಜಿಸ್ಟ್ರೇಟರು ಫೋಟೋ ನೋಡಿದರು, ಮಲ್ಲೇಶ್ವರಿಯನ್ನು ನೋಡಿದರು. "ನರಳುತ್ತಿದೆ ಎಂದು ಜಪ್ತಿ ಮಾಡಿದವರು ನೀವೇ. ದೇವರೆಂದು ಪೂಜೆ ಮಾಡಿದವರೂ ನೀವೇ. ಯಾವುದು ನಿಜ?"

"ಎರಡೂ ಖರೇರಿ ಸಾಹೇಬ್ರ" ಎಂದಳು ಮಲ್ಲೇಶ್ವರಿ. ಹಿಂದೆ ಯಾರೋ ಕಿಸಕ್ಕೆಂದರು.

"ಹಾಗಾದರೆ ಆನೆಯನ್ನು ಇಲ್ಲಿಗೇ ತನ್ನಿ, ನೋಡೋಣ."

"ನಡಿಲಿಕ್ಕೆ ಬರಂಗಿಲ್ಲ ಅಂತ ತೋರ್ಸಾಕ ಇಲ್ಲೀತನ ನಡಿಸ್ಬೇಕಾಗ್ತೈತ್ರಿ. ನಡಿಸಿದ್ರ ಕಾಲು ಹೋಗ್ತೈತಿ, ನಡಿಸದಿದ್ರ ಕೇಸು ಹೋಗ್ತೈತಿ. ನನಗಂತೂ ಏನೂ ತಿಳಿವಲ್ದು, ನೀವ ಹೇಳ್ರಿ."

ಕೋರ್ಟಿನಲ್ಲಿ ಯಾರೂ ನಗಲಿಲ್ಲ. ಮ್ಯಾಜಿಸ್ಟ್ರೇಟರು ಪೆನ್ನು ಕೆಳಗಿಟ್ಟರು. "ನಾಳೆ ಬೆಳಗ್ಗೆ ನಾನೇ ಬರುತ್ತೇನೆ. ಡಾಕ್ಟರೂ ಇರಲಿ. ಗಾಯ ಕಾಣದಿದ್ದರೆ ಆನೆ ಮಾಲಕನ ಕಡೆಗೆ ಹೋಗುತ್ತದೆ" ಎಂದರು.

ನಾಳೆ ಎಂದರೆ ಮಂಗಳವಾರ.

ಮುಂಜಾನೆ ಠಾಣೆಯ ಅಂಗಳದ ಬೇವಿನ ಮರದ ಕೆಳಗೆ ಎಲ್ಲರೂ ಸೇರಿದರು. ಮ್ಯಾಜಿಸ್ಟ್ರೇಟರು, ವಕೀಲರು, ಸುರೇಖಾ, ಒಂದಿಷ್ಟು ಊರವರು. ಪಾರ್ವತೆಮ್ಮ ಹೊಸ ಲಂಗ ತೊಡಿಸಿದ ದಾನವ್ವನ ಕೈ ಹಿಡಿದು ಮೆಟ್ಟಿಲ ಮೇಲೆ ನಿಂತಿದ್ದಳು. ಮಲ್ಲೇಶ್ವರಿ ಬಿಸಿನೀರಿನ ಬಕೆಟ್ಟು ಎತ್ತಿದಾಗ ಅತ್ತೆ ಕೂಗಿದಳು: "ಮಲ್ಲಿ, ಕೂಸಿನ ದಾಟಸಿ ತೊಳಿಯ!"

ಮಲ್ಲೇಶ್ವರಿ ಒಮ್ಮೆ ಮಗಳ ಕಡೆ ನೋಡಿದಳು. ಒಮ್ಮೆ ಆ ಹಳದಿ ಕಾಲಿನ ಕಡೆ ನೋಡಿದಳು. ಆಮೇಲೆ ಕೂತು ನೀರು ಹಾಕಿದಳು.

ಅಕ್ಬರ ಸೊಂಡಿಲಿಗೆ ಕೆನ್ನೆ ಒತ್ತಿ ಏನೇನೋ ಗುನುಗುತ್ತಿದ್ದ. ಅರಿಷಿಣ ಗಟ್ಟಿಯಾಗಿ ಹೆಪ್ಪುಗಟ್ಟಿತ್ತು, ನೆನೆದು ನೆನೆದು ಕೊನೆಗೆ ಚರ್ಮದ ಸಮೇತ ಕಳಚಿ ಬಂತು. ಒಳಗೆ ಗಾಯ ಮೊದಲಿಗಿಂತ ಆಳವಾಗಿತ್ತು. ಬೆಚ್ಚಗಿನ ಮುಚ್ಚಳದ ಕೆಳಗೆ ಹುಳ ಬಿದ್ದಿದ್ದವು. ವಾಸನೆಗೆ ವಕೀಲರು ಕರವಸ್ತ್ರ ತೆಗೆದರು. ಸುರೇಖಾ ಮೊಣಕಾಲೂರಿ, "ಅಯ್ಯೋ ಶಿವನೇ" ಎಂದು ಕತ್ತರಿ ಕೇಳಿದಳು. ಜಮುನಾ ಮಾತ್ರ ಅಲ್ಲಾಡಲಿಲ್ಲ. ಕಣ್ಣಿಂದ ನೀರು ಇಳಿಯುತ್ತಿತ್ತು, ಕಾಲು ಇದ್ದಲ್ಲೇ ಇತ್ತು.

"ಅಕ್ಬರ, ಇಷ್ಟು ನೋವಾದ್ರೂ ಯಾಕ ಮಿಸುಕವಲ್ಲದು ಇದು?" ಎಂದು ಮಲ್ಲೇಶ್ವರಿ ಕೇಳಿದಳು. "ಕೂಸುಗಳು ದಾಟೂ ಮುಂದನೂ ಹಿಂಗ ನಿಂತಿರ್ತೈತಲ್ಲ."

ಅಕ್ಬರ ತಲೆ ಎತ್ತಲಿಲ್ಲ. "ಮಿಸುಕಿದ್ರ ಅಂಕುಶ ಬೀಳ್ತೈತಂತ ಗೊತ್ತೈತ್ರಿ ಆಕಿಗೆ. ಮರಿ ಇದ್ದಾಗ ಕಟ್ಟಿ ಹಾಕಿ ಹೊಡದು ಕಲಿಸ್ತಾರ್ರಿ. ಶಾಂತ ಅಲ್ರಿ ಅದು. ಅಂಜಿಕಿ."

ಮಲ್ಲೇಶ್ವರಿ ಕೈಯಲ್ಲಿದ್ದ ತಂಬಿಗೆಯನ್ನು ಕೆಳಗಿಟ್ಟಳು. ಆ ದೊಡ್ಡ ನೆರಳು, ಹಸಿ ಹುಲ್ಲಿನ ವಾಸನೆ, ಅಲ್ಲಾಡದೆ ನಿಂತ ಕಂಬದಂಥ ಕಾಲುಗಳು. ಅಂದು ತನ್ನ ಮೇಲೆ ನಿಂತಿದ್ದ ಆ ಹೆಸರಿಲ್ಲದ ಆನೆಯೂ ಹೀಗೇ ನಿಂತಿತ್ತೇ? ತಾನು ಈ ವರ್ಷಗಳೆಲ್ಲ ಆನೆ ಕೊಟ್ಟ ಧೈರ್ಯವೆಂದು ಹೊತ್ತು ತಿರುಗಿದ್ದು ಅದರ ಅಂಜಿಕೆಯನ್ನೇ? ಯೋಚಿಸಿದಷ್ಟೂ ಗೋಜಲಾಯಿತು. ಅಳು ಬಂತು, ಎಲ್ಲರ ಮುಂದೆ ಅತ್ತಳು.

ಮ್ಯಾಜಿಸ್ಟ್ರೇಟರು ಅಲ್ಲೇ ಹೇಳಿದರು: ಕೇಸು ಮುಗಿಯುವವರೆಗೆ ಆನೆ ಮಾಲಕನಿಗೆ ಹೋಗಕೂಡದು, ಚಿಕಿತ್ಸೆಯ ಶಿಬಿರಕ್ಕೆ ಹೋಗಬೇಕು, ನೋಡಿಕೊಳ್ಳಲು ಮಾವುತನೂ ಜೊತೆಗೆ ಹೋಗಬೇಕು. ಫೋಟೋ ತೆಗೆ ಎಂದು ಯಾರೂ ಹೇಳದೆಯೇ ಇಲಿಯಾಸ ಈ ಸಲ ಕಾಲಿನ ಫೋಟೋ ತೆಗೆದ.

ಗಾಯಕ್ಕೆ ಕಟ್ಟು ಕಟ್ಟಿಸಿ, ಪರವಾನಗಿಗಳು ಬಂದು, ಅರಣ್ಯದವರ ಲಾರಿ ಬರುವಷ್ಟರಲ್ಲಿ ಮುಂದಿನ ಮಂಗಳವಾರವೇ ಆಯಿತು. ಲಾರಿಯ ಹಲಗೆ ಇಳಿಸುತ್ತಿದ್ದಂತೆ ಪಾರ್ವತೆಮ್ಮ ಮೊಮ್ಮಗಳನ್ನು ಎಳೆದುಕೊಂಡು ಬಂದಳು.

"ಈಗರ ದಾಟಸ! ಇದು ಹೋತಂದ್ರ ಮತ್ತ ಎಲ್ಲಿ ಬರ್ತೈತಿ ಆನಿ? ನಿನ್ನ ಮಗಳು ಮೂಕಿ ಆಗ್ಲೇನ?"

ಮಾತು ಎದೆಗೆ ನೆಟ್ಟಿತು. ಒಂದೇ ಗಳಿಗೆಯ ಕೆಲಸ, ಯಾರೂ ತಡೆಯುತ್ತಿರಲಿಲ್ಲ. ಮಲ್ಲೇಶ್ವರಿ ಮಗಳನ್ನು ಎತ್ತಿಕೊಂಡಳು. ಆನೆಯ ಕಡೆ ಎರಡು ಹೆಜ್ಜೆ ಇಟ್ಟೂ ಇಟ್ಟಳು. ಅಲ್ಲಿಗೆ ನಿಂತಳು.

"ಬ್ಯಾಡತ್ತಿ. ಆನಿ ತಾನ ಅಂಜೈತಿ."

ಪಾರ್ವತೆಮ್ಮ ಸೊಸೆಗೆ ಹುಚ್ಚು ಹಿಡಿಯಿತೇನೋ ಎಂಬಂತೆ ನೋಡಿದಳು. ಜಮುನಾ ಕಟ್ಟು ಕಟ್ಟಿದ ಕಾಲನ್ನು ಹಲಗೆಯ ಮೇಲೆ ಇಡಲು ಹಿಂಜರಿಯುತ್ತ, ಅಕ್ಬರನ ಹೆಗಲಿಗೆ ಸೊಂಡಿಲು ಹಾಕಿ ನಿಂತಿದ್ದಳು. ಅಕ್ಬರ ಅವಸರ ಮಾಡಲಿಲ್ಲ. ಅಂಕುಶ ಅವನ ಕೈಯಲ್ಲಿರಲಿಲ್ಲ, ಠಾಣೆಯ ಕಪಾಟಿನಲ್ಲಿತ್ತು.

ದಾನವ್ವ ತಾಯಿಯ ಕುತ್ತಿಗೆಯಿಂದ ಮುಖ ಎತ್ತಿ ಅದನ್ನೇ ನೋಡಿದಳು. ಅಷ್ಟು ಜನರ ನಡುವೆ, ಮೆಲ್ಲಗೆ, ಕೇಳಿದಳು: "ಆನಿಗೂ ಅಂಜಿಕಿ ಆಗ್ತೈತೇನವ್ವಾ?"

ಪಾರ್ವತೆಮ್ಮ ಬಾಯಿ ಮೇಲೆ ಕೈ ಇಟ್ಟುಕೊಂಡಳು. ಮಲ್ಲೇಶ್ವರಿ, ಸ್ವಲ್ಪ ಮಿಸುಕಿದರೂ ಈ ಮಾತು ಹಾರಿಹೋದೀತು ಎಂಬಂತೆ ಮಗಳನ್ನು ಹಾಗೇ ಹಿಡಿದುಕೊಂಡಳು.

"ಹೂನವ್ವ. ಭಾಳ ಆಗ್ತೈತಿ. ನನಗೂ ಆಗ್ತೈತಿ."

"ನಿನಗೂ?"

"ನನಗೂ."

ದಾನವ್ವ ಮತ್ತೆ ಆನೆಯ ಕಡೆ ತಿರುಗಿದಳು. ಆನೆ ಒಂದು ಕಾಲು ಹಲಗೆಯ ಮೇಲಿಟ್ಟಿತು, ಮತ್ತೆ ಹಿಂದಕ್ಕೆ ತೆಗೆಯಿತು.

"ಹಂಗಾರ ಆನಿನ್ನ ಯಾರ ಕೆಳಗ ದಾಟಸ್ತಾರವ್ವಾ?"

ಮಲ್ಲೇಶ್ವರಿ ಇಲಿಯಾಸನ ಕಡೆ ನೋಡಿದಳು, ಅತ್ತೆಯ ಕಡೆ ನೋಡಿದಳು. ಆಮೇಲೆ ಮಗಳನ್ನು ಎತ್ತಿಕೊಂಡೇ ಹೋಗಿ ಹಲಗೆಯ ಪಕ್ಕದಲ್ಲಿ ಅಕ್ಬರನ ಜೊತೆ ನಿಂತಳು.